ಸರ್ ಆಸ್ಟಿನ್ ಬ್ರಾಡ್‌ಫರ್ಡ್ ಹಿಲ್

ಕಾಗೆ ಬಂದು ಕುಳಿತ ಕ್ಷಣದಲ್ಲಿಯೇ ತಾಳೆಯ ಹಣ್ಣು ಕಳಚಿ ಬಿದ್ದರೆ, ಹಣ್ಣನ್ನು ಬೀಳಿಸಿದುದು ಕಾಗೆಯೇ ಎಂದು ನೋಡಿದವರು ಹೇಳುವುದುಂಟು. ಇದನ್ನೇ ಶಾಸ್ತ್ರಕಾರರು ಕಾಕತಾಲೀಯ ನ್ಯಾಯವೆಂದು ಕರೆದರು. ಎರಡು ಸಂಗತಿಗಳು ಒಡನೊಡನೆ ಕಂಡ ಮಾತ್ರಕ್ಕೆ ಒಂದು ಮತ್ತೊಂದರ ಕಾರಣವೆನ್ನಲಾಗದು. ಹಾಗೆಂದು ಒಡನೊಡನೆ ಕಾಣುವುದೆಲ್ಲವನ್ನೂ ಕಾಕತಾಲೀಯವೆಂದು ತಳ್ಳಿಹಾಕಿದರೆ ನಿಜವಾದ ಕಾರಣವೂ ಕೈತಪ್ಪಿ ಹೋಗುತ್ತದೆ. ಈ ಎರಡು ತಪ್ಪುಗಳ ನಡುವಣ ದಾರಿ ಯಾವುದು? ತರ್ಕಶಾಸ್ತ್ರದಲ್ಲಿ ಇದು ಬುದ್ಧಿಯ ಪ್ರಶ್ನೆ. ವೈದ್ಯಶಾಸ್ತ್ರದಲ್ಲಿಯಾದರೋ ಪ್ರಾಣದ ಪ್ರಶ್ನೆ. ರೋಗದ ಕಾರಣವನ್ನು ತಪ್ಪಾಗಿ ತಿಳಿದರೂ ಜನ ಸಾಯುತ್ತಾರೆ. ಸರಿಯಾದ ಕಾರಣವನ್ನು ನಂಬದೆ ಹೋದರೂ ಸಾಯುತ್ತಾರೆ. ಇಪ್ಪತ್ತನೆಯ ಶತಮಾನದ ಇಂಗ್ಲೆಂಡಿನಲ್ಲಿ ಈ ದಾರಿಯನ್ನು ತಾಳ್ಮೆಯಿಂದ ಹುಡುಕಿ, ಅದರಲ್ಲಿ ತಾವು ನಡೆದು, ಇತರರನ್ನೂ ನಡೆಸಿದ ಮಹನೀಯರು ಸರ್ ಆಸ್ಟಿನ್ ಬ್ರಾಡ್‌ಫರ್ಡ್ ಹಿಲ್ ಅವರು. ಅವರು ವೈದ್ಯರಲ್ಲ, ಗಣಿತದಲ್ಲಿ ಪದವಿ ಪಡೆದವರೂ ಅಲ್ಲ. ಆದರೂ ವೈದ್ಯಲೋಕವು ಅವರನ್ನು ಗುರುವೆಂದು ಒಪ್ಪಿಕೊಂಡಿತು.

ಜನನ ಮತ್ತು ಬಾಲ್ಯ

ಹಿಲ್ಲರು ಜನಿಸಿದುದು 1897ನೆಯ ಇಸವಿ ಜುಲೈ 8ರಂದು, ಲಂಡನ್ನಿನಲ್ಲಿ. ಅವರದು ವಿದ್ವಾಂಸರ ಮನೆತನ. ಅಂಚೆಯ ವ್ಯವಸ್ಥೆಯನ್ನು ಸುಧಾರಿಸಿ ಒಂದು ಪೆನ್ನಿಯ ಅಂಚೆಯನ್ನು ಬಳಕೆಗೆ ತಂದ ರೋಲೆಂಡ್ ಹಿಲ್ ಇದೇ ಕುಲದವರು. ಪಿತಾಮಹರಾದ ಜಾರ್ಜ್ ಬರ್ಕ್‌ಬೆಕ್ ಹಿಲ್ ಅವರು, ಡಾಕ್ಟರ್ ಜಾನ್ಸನ್ನರನ್ನು ಕುರಿತು ಬಾಸ್ವೆಲ್ ಬರೆದ ಜೀವನಚರಿತ್ರೆಯನ್ನು ಸಂಪಾದಿಸಿ ಕೀರ್ತಿ ಗಳಿಸಿದ ಸಾಹಿತ್ಯಪಂಡಿತರು. ತಂದೆ ಲಿಯೊನಾರ್ಡ್ ಹಿಲ್ ಅವರು ಶರೀರಕ್ರಿಯಾಶಾಸ್ತ್ರದಲ್ಲಿ ಹೆಸರಾಂತ ಪ್ರಾಧ್ಯಾಪಕರು. ಇಂತಹ ಮನೆಯಲ್ಲಿ ಬೆಳೆದ ಬಾಲಕನು ತಾನೂ ವೈದ್ಯನಾಗಬೇಕೆಂದು ಬಯಸಿದುದು ಸಹಜವೇ ಆಗಿದ್ದಿತು. ಎಸೆಕ್ಸ್ ಪ್ರಾಂತದ ಚಿಗ್‌ವೆಲ್ ಶಾಲೆಯಲ್ಲಿ ವ್ಯಾಸಂಗ ಮುಗಿಯುವ ಹೊತ್ತಿಗೆ ಮೊದಲನೆಯ ಮಹಾಯುದ್ಧವು ಯೂರೋಪನ್ನು ಆವರಿಸಿತ್ತು. ವೈದ್ಯಕೀಯ ಕಾಲೇಜಿನ ಬಾಗಿಲು ತಟ್ಟಬೇಕಾಗಿದ್ದ ತರುಣನು 1916ರಲ್ಲಿ ನೌಕಾದಳದ ವಿಮಾನ ವಿಭಾಗವನ್ನು ಸೇರಿ, ಗ್ರೀಸಿನ ಬಳಿಯ ಏಜಿಯನ್ ಸಮುದ್ರದ ಕಡೆಗೆ ಹೊರಟನು.

ರೋಗಶಯ್ಯೆಯಲ್ಲಿ

ಯುದ್ಧದ ಗುಂಡು ಆತನನ್ನು ಮುಟ್ಟಲಿಲ್ಲ, ಕ್ಷಯರೋಗವು ಮುಟ್ಟಿತು. 1917ರಲ್ಲಿ ಶ್ವಾಸಕೋಶದ ಕ್ಷಯವೆಂದು ನಿರ್ಧಾರವಾಗಿ, ತರುಣನನ್ನು ಮನೆಗೆ ಕಳುಹಿಸಿದರು. ಆ ಕಾಲದಲ್ಲಿ ಕ್ಷಯಕ್ಕೆ ಔಷಧವಿರಲಿಲ್ಲ. ಹಾಸಿಗೆ, ಶುದ್ಧವಾದ ಗಾಳಿ, ಪುಷ್ಟಿಯಾದ ಆಹಾರ, ಇವೇ ಚಿಕಿತ್ಸೆ. ಉಳಿದುದು ದೈವೇಚ್ಛೆ. ಇಪ್ಪತ್ತು ವರ್ಷದ ಈ ರೋಗಿ ಬದುಕುವನೆಂದು ಹೆಚ್ಚು ಜನ ನಂಬಿರಲಿಲ್ಲ. ಸರ್ಕಾರವು ಆತನನ್ನು ಸಂಪೂರ್ಣ ಅಶಕ್ತನೆಂದು ಪರಿಗಣಿಸಿ ಪೂರ್ಣ ಪಿಂಚಣಿಯನ್ನು ಗೊತ್ತುಮಾಡಿತು. ಹೆಚ್ಚು ಕಾಲ ಕೊಡಬೇಕಾಗಲಾರದೆಂದು ಭಾವಿಸಿ ಕೊಟ್ಟ ಆ ಪಿಂಚಣಿಯನ್ನು ಹಿಲ್ಲರು ಎಪ್ಪತ್ತು ವರ್ಷಗಳಿಗೂ ಮೀರಿ ಪಡೆದರು. ವಿಧಿಯ ವಿನೋದವೆಂದರೆ ಇದೇ.

ವೈದ್ಯನಾಗುವ ಆಸೆ ಅಲ್ಲಿಗೆ ಮುಗಿಯಿತು. ವೈದ್ಯವಿದ್ಯೆಯ ದೀರ್ಘ ಶ್ರಮವನ್ನು ಆ ಶರೀರವು ಸಹಿಸುವಂತಿರಲಿಲ್ಲ. ಆಗ ತಂದೆಯ ಮಿತ್ರರೂ ಸಂಖ್ಯಾಶಾಸ್ತ್ರದ ಬಲದಿಂದ ರೋಗಗಳನ್ನು ಅಭ್ಯಸಿಸುತ್ತಿದ್ದವರೂ ಆದ ಮೇಜರ್ ಗ್ರೀನ್‌ವುಡ್ ಅವರು ಈ ರೋಗಿಯ ಕೈಹಿಡಿದರು. ಮೇಜರ್ ಎಂಬುದು ಸೈನ್ಯದ ಪದವಿಯಲ್ಲ. ತಂದೆತಾಯಿಗಳು ಇಟ್ಟ ಹೆಸರೇ ಅದು. ಗ್ರೀನ್‌ವುಡ್ಡರ ಸಲಹೆಯಂತೆ ಹಿಲ್ಲರು ಮಲಗಿದಲ್ಲಿಯೇ, ಅಂಚೆಯ ಮೂಲಕ ಪಾಠಗಳನ್ನು ತರಿಸಿಕೊಂಡು ಅರ್ಥಶಾಸ್ತ್ರವನ್ನು ಓದಿ, 1922ರಲ್ಲಿ ಲಂಡನ್ ವಿಶ್ವವಿದ್ಯಾನಿಲಯದ ಪದವೀಧರರಾದರು. ಮನೆತನದ ಹಿರಿಯರೊಬ್ಬರು ಸುಧಾರಿಸಿದ ಅಂಚೆಯೇ ಆ ಮನೆತನದ ರೋಗಿಗೆ ವಿದ್ಯೆಯನ್ನು ತಂದುಕೊಟ್ಟಿತು.

ಬಳಿಕ ಗ್ರೀನ್‌ವುಡ್ಡರ ನೆರವಿನಿಂದ ವೈದ್ಯಕೀಯ ಸಂಶೋಧನಾ ಮಂಡಲಿಯ ಧನಸಹಾಯವು ದೊರೆಯಿತು. ಎಸೆಕ್ಸಿನ ಹಳ್ಳಿಗಳಲ್ಲಿ ತರುಣರ ಮರಣಸಂಖ್ಯೆ ಏಕೆ ಹೆಚ್ಚೆಂಬುದನ್ನು ಪರಿಶೀಲಿಸುವುದು ಅವರ ಮೊದಲ ಕಾರ್ಯ. ಗಟ್ಟಿಮುಟ್ಟಾದ ತರುಣರು ಪಟ್ಟಣಕ್ಕೆ ವಲಸೆ ಹೋದರೆ ಹಳ್ಳಿಯಲ್ಲಿ ಉಳಿದವರ ಸಂಖ್ಯೆಗಳು ಬೇರೆಯೇ ಕಥೆ ಹೇಳಬಹುದಷ್ಟೆ! ಯಾರನ್ನು ಎಣಿಸುತ್ತಿದ್ದೇವೆ, ಯಾರು ಎಣಿಕೆಯಿಂದ ಹೊರಗುಳಿದರು ಎಂಬ ಪ್ರಶ್ನೆ ಅಂದಿನಿಂದಲೇ ಅವರ ಮನಸ್ಸಿನಲ್ಲಿ ಬೇರೂರಿತು. ಲಂಡನ್ನಿನ ಯೂನಿವರ್ಸಿಟಿ ಕಾಲೇಜಿನಲ್ಲಿ ಕಾರ್ಲ್ ಪಿಯರ್ಸನ್ನರ ಉಪನ್ಯಾಸಗಳನ್ನು ಕೇಳಿ ಸಂಖ್ಯಾಶಾಸ್ತ್ರವನ್ನು ಕಲಿತರು. 1923ರಲ್ಲಿ ವಿವಾಹವಾಯಿತು. 1933ರಲ್ಲಿ, ಆರೋಗ್ಯಶಾಸ್ತ್ರ ಮತ್ತು ಉಷ್ಣದೇಶಗಳ ವೈದ್ಯವನ್ನು ಬೋಧಿಸುವ ಲಂಡನ್ನಿನ ಪ್ರಸಿದ್ಧ ವಿದ್ಯಾಶಾಲೆಯಲ್ಲಿ ಅಧ್ಯಾಪಕಸ್ಥಾನವು ಲಭಿಸಿತು. 1945ರಲ್ಲಿ ಗುರುಗಳಾದ ಗ್ರೀನ್‌ವುಡ್ಡರ ಪೀಠವನ್ನೇ ಅಲಂಕರಿಸಿದರು.

ಅವರು ಜನ್ಮತಃ ಅಧ್ಯಾಪಕರು. ವೈದ್ಯರಿಗೆ ಅಂಕಿಗಳೆಂದರೆ ಭಯವೆಂಬುದನ್ನು ಅರಿತು, ಗಣಿತದ ಸೂತ್ರಗಳನ್ನು ಆದಷ್ಟು ಹಿಂದಿಟ್ಟು, ತಿಳಿಯಾದ ಇಂಗ್ಲಿಷಿನಲ್ಲಿ 1937ರಲ್ಲಿ ಲ್ಯಾನ್ಸೆಟ್ ಪತ್ರಿಕೆಗೆ ಲೇಖನಮಾಲೆಯೊಂದನ್ನು ಬರೆದರು. ಅದೇ ವರ್ಷ ಅದು ವೈದ್ಯಕೀಯ ಸಂಖ್ಯಾಶಾಸ್ತ್ರದ ಮೂಲತತ್ತ್ವಗಳನ್ನು ತಿಳಿಸುವ ಗ್ರಂಥವಾಗಿ ಪ್ರಕಟವಾಗಿ, ಹಲವು ಮುದ್ರಣಗಳನ್ನು ಕಂಡಿತು. ಸಮಾನವಾದುದನ್ನು ಸಮಾನವಾದುದರೊಡನೆ ಮಾತ್ರ ಹೋಲಿಸಬೇಕೆಂಬುದೇ ಹಿಲ್ಲರ ಬೋಧನೆಯ ಸಾರವೆನ್ನಬಹುದು. ಕೇಳಲು ಇದು ಮಕ್ಕಳಿಗೂ ತಿಳಿದ ಮಾತು. ಆಚರಿಸಲು ಹೊರಟಾಗ ಮಾತ್ರ ಇದರ ಕಷ್ಟವು ಅರಿವಾಗುತ್ತದೆ.

ಕ್ಷಯರೋಗಿಯು ಕ್ಷಯದ ಔಷಧವನ್ನು ಪರೀಕ್ಷಿಸಿದುದು

ಯುದ್ಧಾನಂತರ ಅಮೆರಿಕೆಯಿಂದ ಸ್ಟ್ರೆಪ್ಟೊಮೈಸಿನ್ ಎಂಬ ಹೊಸ ಔಷಧವು ಬಂದಿತು. ಕ್ಷಯವನ್ನು ಗುಣಪಡಿಸುವುದೆಂಬ ಆಸೆ ಎಲ್ಲೆಡೆಯೂ ಹಬ್ಬಿತು. ಬ್ರಿಟನ್ನಿನ ಬಳಿಯಿದ್ದ ಔಷಧವು ಸ್ವಲ್ಪ, ರೋಗಿಗಳು ಅಸಂಖ್ಯಾತ. ಈ ಅಭಾವದ ಸ್ಥಿತಿಯಲ್ಲಿ ಹಿಲ್ಲರ ಮಾರ್ಗದರ್ಶನದಲ್ಲಿ ಸಂಶೋಧನಾ ಮಂಡಲಿಯು ಒಂದು ಪರೀಕ್ಷೆಯನ್ನು ಕೈಗೊಂಡಿತು. ಎರಡೂ ಶ್ವಾಸಕೋಶಗಳಲ್ಲಿ ಕ್ಷಯವು ತೀವ್ರವಾಗಿದ್ದ 107 ತರುಣ ರೋಗಿಗಳನ್ನು ಆರಿಸಿಕೊಳ್ಳಲಾಯಿತು. ಅವರಲ್ಲಿ ಯಾರಿಗೆ ಔಷಧ, ಯಾರಿಗೆ ಕೇವಲ ವಿಶ್ರಾಂತಿ ಎಂಬುದನ್ನು ವೈದ್ಯರ ಇಚ್ಛೆಗೆ ಬಿಡಲಿಲ್ಲ. ಯಾದೃಚ್ಛಿಕ ಸಂಖ್ಯೆಗಳ ಪ್ರಕಾರ ಮೊದಲೇ ಬರೆದು ಮುಚ್ಚಿಟ್ಟ ಲಕೋಟೆಯು ಅದನ್ನು ನಿರ್ಧರಿಸಿತು. ಎಕ್ಸ್-ರೇ ಚಿತ್ರಗಳನ್ನು ನೋಡಿದ ತಜ್ಞರಿಗೆ ಯಾವುದು ಯಾರದೆಂಬುದು ತಿಳಿಯದಂತೆ ಎಚ್ಚರವಹಿಸಲಾಯಿತು. ಆರು ತಿಂಗಳು ಕಳೆದಾಗ ಔಷಧ ಪಡೆದ 55 ಜನರಲ್ಲಿ 4 ಮಂದಿಯೂ, ವಿಶ್ರಾಂತಿ ಮಾತ್ರ ಪಡೆದ 52 ಜನರಲ್ಲಿ 14 ಮಂದಿಯೂ ಮೃತರಾಗಿದ್ದರು. 1948ರಲ್ಲಿ ಈ ವರದಿಯು ಪ್ರಕಟವಾಯಿತು. ಕಾಲಕ್ರಮದಲ್ಲಿ ರೋಗಾಣುಗಳು ಔಷಧವನ್ನು ಎದುರಿಸುವ ಶಕ್ತಿ ಪಡೆಯುವುದೂ ಇದೇ ಪರೀಕ್ಷೆಯಿಂದ ತಿಳಿದುಬಂದು, ಎರಡು ಔಷಧಗಳನ್ನು ಜೊತೆಗೂಡಿಸಿ ಕೊಡುವ ಕ್ರಮಕ್ಕೆ ದಾರಿಯಾಯಿತು.

ಔಷಧವಿಲ್ಲದೆ ಮಲಗಿದ್ದ ಆ 52 ಜನರ ಸ್ಥಿತಿಯನ್ನು ಹಿಲ್ಲರಿಗಿಂತ ಚೆನ್ನಾಗಿ ಬಲ್ಲವರು ಇನ್ನಾರು? ಮೂವತ್ತು ವರ್ಷಗಳ ಹಿಂದೆ ಅವರೇ ಅಂತಹ ಹಾಸಿಗೆಯಲ್ಲಿದ್ದವರು. ಹಾಸಿಗೆಯಲ್ಲಿಯೇ ಉಳಿದ ರೋಗಿಗಳಿಗೆ ಪರೀಕ್ಷೆ ನಡೆಯುತ್ತಿರುವ ವಿಷಯವನ್ನೇ ತಿಳಿಸಿರಲಿಲ್ಲ. ರೋಗಿಯ ಅರಿವು ಮತ್ತು ಒಪ್ಪಿಗೆಗಳನ್ನು ಬಯಸುವ ಇಂದಿನ ನಿಯಮಗಳು ಅದನ್ನು ಒಪ್ಪಲಾರವು. ಆದರೆ ಎಲ್ಲರಿಗೂ ಸಾಲದಷ್ಟು ಔಷಧವಿರುವಾಗ, ಅದನ್ನು ಬೇಕಾದವರಿಗೆ ಹಂಚಿ ನಿಜವನ್ನು ಅರಿಯದೆ ಉಳಿಯುವುದಕ್ಕಿಂತ, ಪಕ್ಷಪಾತವಿಲ್ಲದೆ ಹಂಚಿ ನಿಜವನ್ನು ಅರಿತು ಮುಂದಿನ ಲಕ್ಷಾಂತರ ಜನರನ್ನು ಉಳಿಸುವುದೇ ಧರ್ಮವೆಂದು ಹಿಲ್ಲರು ನಿರ್ಣಯಿಸಿದ್ದರು. ಈ ಪರೀಕ್ಷಾಕ್ರಮದ ಫಲವು ಭಾರತಕ್ಕೂ ದೊರೆಯಿತು. 1956ರಲ್ಲಿ ಮದರಾಸಿನಲ್ಲಿ ಆರಂಭವಾದ ಕ್ಷಯಚಿಕಿತ್ಸಾ ಕೇಂದ್ರದಲ್ಲಿ, ಬ್ರಿಟಿಷ್ ಮಂಡಲಿಯ ಸಹಕಾರದಿಂದ, ರೋಗಿಗಳನ್ನು ಇದೇ ರೀತಿ ಹಂಚಿ, ಮನೆಯಲ್ಲಿಯೇ ಔಷಧ ಪಡೆದ ಬಡ ರೋಗಿಗಳೂ ಆರೋಗ್ಯಧಾಮದಲ್ಲಿದ್ದವರಂತೆಯೇ ಗುಣಹೊಂದುವರೆಂಬುದನ್ನು 1959ರಲ್ಲಿ ತೋರಿಸಿಕೊಡಲಾಯಿತು.

ಹೊಸದೊಂದು ಮೃತ್ಯು

ಅಷ್ಟರಲ್ಲಿ ಇಂಗ್ಲೆಂಡನ್ನು ಮತ್ತೊಂದು ರೋಗವು ಕಾಡತೊಡಗಿತ್ತು. ಇಂಗ್ಲೆಂಡ್ ಮತ್ತು ವೇಲ್ಸ್ ಪ್ರಾಂತಗಳಲ್ಲಿ 1922ರಲ್ಲಿ ಶ್ವಾಸಕೋಶದ ಕ್ಯಾನ್ಸರಿನಿಂದ ಮೃತರಾದವರು 612 ಮಂದಿ. 1947ರಲ್ಲಿ 9,287 ಮಂದಿ. ಇಪ್ಪತ್ತೈದು ವರ್ಷಗಳಲ್ಲಿ ಹದಿನೈದು ಮಡಿ! ಮೋಟಾರು ವಾಹನಗಳ ಹೊಗೆಯೇ ಕಾರಣವೆಂದು ಕೆಲವರು, ರಸ್ತೆಗೆ ಹಾಕುವ ಡಾಂಬರೆಂದು ಕೆಲವರು, ರೋಗವೇನೂ ಹೆಚ್ಚಿಲ್ಲ, ಅದನ್ನು ಗುರುತಿಸುವ ವಿದ್ಯೆ ಹೆಚ್ಚಿದೆಯೆಂದು ಇನ್ನು ಕೆಲವರು ವಾದಿಸಿದರು. ಸಿಗರೇಟಿನ ಮೇಲೆ ಸಂಶಯಪಟ್ಟವರೂ ಇದ್ದರು; ಜರ್ಮನಿಯಲ್ಲಿ 1939 ಮತ್ತು 1943ರಲ್ಲಿ ಪ್ರಕಟವಾದ ಅಧ್ಯಯನಗಳು ಅದರತ್ತ ಬೆರಳು ತೋರಿದ್ದವು. ಆದರೆ ಆಗಿನ ಇಂಗ್ಲೆಂಡಿನಲ್ಲಿ ಗಂಡಸರೆಲ್ಲ ಬಹುಮಟ್ಟಿಗೆ ಸೇದುವವರೇ. ಎಲ್ಲರೂ ಮಾಡುವ ಕೆಲಸದ ಮೇಲೆ ಸಂಶಯ ಹುಟ್ಟುವುದು ಸುಲಭವಲ್ಲ. ಸಂಶೋಧನಾ ಮಂಡಲಿಯು ಈ ಪ್ರಶ್ನೆಯನ್ನು ಹಿಲ್ಲರಿಗೆ ಒಪ್ಪಿಸಿತು. ಅವರು ರಿಚರ್ಡ್ ಡಾಲ್ ಎಂಬ ತರುಣ ವೈದ್ಯರನ್ನು ಸಹಾಯಕ್ಕೆ ತೆಗೆದುಕೊಂಡರು.

ಇಲ್ಲಿ ಲಕೋಟೆಯ ಉಪಾಯವು ನಡೆಯುವಂತಿರಲಿಲ್ಲ. ನೂರು ಜನ ತರುಣರನ್ನು ಕರೆದು, ಐವತ್ತು ಜನ ಮೂವತ್ತು ವರ್ಷ ಸಿಗರೇಟು ಸೇದಿರೆಂದೂ ಉಳಿದವರು ಸೇದಬೇಡಿರೆಂದೂ ವಿಧಿಸಲು ಯಾವ ಧರ್ಮವೂ ಒಪ್ಪದು. ಆದುದರಿಂದ ಫಲದಿಂದ ಬೀಜದ ಕಡೆಗೆ ಹಿಂದಿರುಗಿ ನಡೆಯಬೇಕು: ರೋಗ ಬಂದವರನ್ನೂ ಬಾರದವರನ್ನೂ ಕುಳ್ಳಿರಿಸಿಕೊಂಡು ಅವರ ಹಿಂದಿನ ಜೀವನವನ್ನು ವಿಚಾರಿಸಬೇಕು. ಈ ಕ್ರಮವೇನೂ ಹಿಲ್ಲರ ಸ್ವಂತ ಸೃಷ್ಟಿಯಲ್ಲ. 1926ರಲ್ಲಿಯೇ ಜ್ಯಾನೆಟ್ ಲೇನ್-ಕ್ಲೇಪನ್ ಎಂಬ ವಿದುಷಿಯು ಸ್ತನದ ಕ್ಯಾನ್ಸರನ್ನು ಕುರಿತು, ಸುಮಾರು ಐನೂರು ರೋಗಿಣಿಯರನ್ನೂ ಅಷ್ಟೇ ಸಂಖ್ಯೆಯ ಇತರ ಸ್ತ್ರೀಯರನ್ನೂ ಹೋಲಿಸಿ ವರದಿ ಬರೆದಿದ್ದರು. ಆದರೆ ಈ ಕ್ರಮದಲ್ಲಿ ಅಡಗಿದ್ದ ಅಪಾಯಗಳನ್ನೆಲ್ಲ ಒಂದೊಂದಾಗಿ ಎದುರಿಸಿ ಅದಕ್ಕೆ ಪ್ರಾಮಾಣ್ಯವನ್ನು ತಂದುಕೊಟ್ಟ ಕೀರ್ತಿ ಹಿಲ್ಲರಿಗೂ ಡಾಲರಿಗೂ ಸಲ್ಲುತ್ತದೆ.

ಸರಿಜೋಡಿಯ ವಿಧಾನ

ಅಪಾಯವೆಂದರೇನು? ನ್ಯಾಯಶಾಸ್ತ್ರವನ್ನು ಬಲ್ಲವರಿಗೆ ಉಪಾಧಿಯೆಂಬ ಮಾತು ಪರಿಚಿತ. ಹೊಗೆಯಿರುವಲ್ಲೆಲ್ಲ ಬೆಂಕಿಯುಂಟು, ಆದರೆ ಬೆಂಕಿಯಿರುವಲ್ಲೆಲ್ಲ ಹೊಗೆಯಿರಬೇಕೆಂದಿಲ್ಲ. ಕೆಂಪಗೆ ಕಾದ ಕಬ್ಬಿಣದ ಗುಂಡಿನಲ್ಲಿ ಬೆಂಕಿಯುಂಟು, ಹೊಗೆಯಿಲ್ಲ. ಹೊಗೆಗೆ ಹಸಿಯ ಸೌದೆಯ ಸಂಯೋಗವು ಬೇಕು. ಈ ಹಸಿಯ ಸೌದೆಯೇ ಉಪಾಧಿ. ಅದನ್ನು ಗಮನಿಸದೆ ಬೆಂಕಿಯಿಂದ ಹೊಗೆಯನ್ನು ಊಹಿಸಿದವನು ಮೋಸಹೋಗುತ್ತಾನೆ. ರೋಗದ ವಿಚಾರದಲ್ಲಿಯೂ ಹೀಗೆಯೇ. ಶ್ವಾಸಕೋಶದ ಕ್ಯಾನ್ಸರು ಹೆಚ್ಚಾಗಿ ಬರುವುದು ವಯಸ್ಸಾದ ಗಂಡಸರಿಗೆ. ಆ ಕಾಲದಲ್ಲಿ ಹೆಚ್ಚು ಸೇದುತ್ತಿದ್ದವರೂ ಗಂಡಸರೇ. ಕ್ಯಾನ್ಸರಿನ ವೃದ್ಧರನ್ನು ತರುಣಿಯರೊಡನೆ ಹೋಲಿಸಿದರೆ, ಸಿಗರೇಟು ನಿರಪರಾಧಿಯಾಗಿದ್ದರೂ ಅಪರಾಧಿಯಂತೆ ತೋರುತ್ತದೆ. ಇಲ್ಲಿ ವಯಸ್ಸು ಮತ್ತು ಲಿಂಗ ಇವೇ ಹಸಿಯ ಸೌದೆ.

ಇದಕ್ಕೆ ಹಿಲ್ಲರು ಮತ್ತು ಡಾಲರು ಅನುಸರಿಸಿದ ಪರಿಹಾರವೇ ಸರಿಜೋಡಿಯ ವಿಧಾನ. 1948ರಿಂದ ಲಂಡನ್ನಿನ ಇಪ್ಪತ್ತು ಆಸ್ಪತ್ರೆಗಳಿಂದ ರೋಗಿಗಳ ಸುದ್ದಿಯನ್ನು ತರಿಸಿಕೊಂಡರು. ಶ್ವಾಸಕೋಶದ ಕ್ಯಾನ್ಸರಿನ ಪ್ರತಿಯೊಬ್ಬ ರೋಗಿಗೂ, ಆ ರೋಗವಿಲ್ಲದ ಮತ್ತೊಬ್ಬ ರೋಗಿಯನ್ನು ಜೋಡಿಯಾಗಿ ಆರಿಸಲಾಯಿತು. ಜೋಡಿಯು ಅದೇ ಲಿಂಗದವರಾಗಿರಬೇಕು. ಐದು ವರ್ಷದ ಅದೇ ವಯೋವರ್ಗಕ್ಕೆ ಸೇರಿರಬೇಕು. ಸಾಧ್ಯವಾದ ಮಟ್ಟಿಗೆ ಅದೇ ಆಸ್ಪತ್ರೆಯಲ್ಲಿ, ಅದೇ ಸಮಯದಲ್ಲಿ ಇದ್ದಿರಬೇಕು. ಹೀಗೆ 649 ಗಂಡಸರ ಜೋಡಿಗಳೂ 60 ಹೆಂಗಸರ ಜೋಡಿಗಳೂ ಸೇರಿ 709 ಜೋಡಿಗಳಾದವು. ನಾಲ್ವರು ಸಮಾಜಸೇವಕಿಯರು ಹಾಸಿಗೆಯಿಂದ ಹಾಸಿಗೆಗೆ ಹೋಗಿ, ಎಲ್ಲರಿಗೂ ಒಂದೇ ಪ್ರಶ್ನಾವಳಿಯನ್ನು ಓದಿ, ಉತ್ತರಗಳನ್ನು ಬರೆದುಕೊಂಡರು. ಯಾರು ಧೂಮಪಾಯಿ ಎಂಬುದಕ್ಕೂ ಲಕ್ಷಣವನ್ನು ಮೊದಲೇ ನಿಶ್ಚಯಿಸಿದ್ದರು: ಒಂದು ವರ್ಷ ಕಾಲವಾದರೂ ದಿನಕ್ಕೆ ಒಂದು ಸಿಗರೇಟಿನಷ್ಟಾದರೂ ಸೇದಿದವನೇ ಧೂಮಪಾಯಿ.

ಫಲಿತಾಂಶವನ್ನು ಕಂಡು ಸಂಶೋಧಕರೇ ಬೆರಗಾದರು. ಕ್ಯಾನ್ಸರಿಗೆ ತುತ್ತಾದ 649 ಗಂಡಸರಲ್ಲಿ ಸೇದದವರು ಇಬ್ಬರೇ. ಅವರ ಜೋಡಿಗಳಾದ 649 ಜನರಲ್ಲಿ 27. ಹೆಂಗಸರಲ್ಲಿ 60ಕ್ಕೆ 19 ರೋಗಿಗಳೂ, ಜೋಡಿಗಳಲ್ಲಿ 32 ಮಂದಿಯೂ ಸೇದದವರು. ದಿನಕ್ಕೆ ಇಪ್ಪತ್ತೈದು ಅಥವಾ ಅದಕ್ಕಿಂತ ಹೆಚ್ಚು ಸಿಗರೇಟು ಸೇದುತ್ತಿದ್ದವರು ಕ್ಯಾನ್ಸರಿನ ಗಂಡಸರಲ್ಲಿ ನೂರಕ್ಕೆ 26 ಮಂದಿ. ಜೋಡಿಗಳಲ್ಲಿ ನೂರಕ್ಕೆ 13.5. ಸೇದುವ ಪ್ರಮಾಣವು ಏರಿದಂತೆ ರೋಗದ ಭಯವೂ ಮೆಟ್ಟಿಲು ಮೆಟ್ಟಿಲಾಗಿ ಏರುತ್ತಿತ್ತು. ಡಾಂಬರನ್ನೂ ಮೋಟಾರಿನ ಹೊಗೆಯನ್ನೂ ಸಂಶಯಿಸುತ್ತಿದ್ದ ಡಾಲರು, ಅಂಕಿಗಳನ್ನು ನೋಡಿದ ಮೇಲೆ ತಾವೇ ಸಿಗರೇಟನ್ನು ಬಿಟ್ಟುಬಿಟ್ಟರು.

ತಮ್ಮನ್ನೇ ಪ್ರಶ್ನಿಸಿಕೊಂಡುದು

ಬೇರೊಬ್ಬರಾಗಿದ್ದರೆ ಅಲ್ಲಿಗೆ ಜಯಭೇರಿ ಬಾರಿಸುತ್ತಿದ್ದರು. ಹಿಲ್ಲರ ದೊಡ್ಡತನವು ಆರಂಭವಾಗುವುದೇ ಇಲ್ಲಿಂದ. ವಿರೋಧಿಗಳು ಕೇಳುವ ಮುನ್ನವೇ ತಮ್ಮ ವಿರುದ್ಧದ ಪ್ರಶ್ನೆಗಳನ್ನು ಅವರೇ ಕೇಳಿಕೊಂಡರು. ಕ್ಯಾನ್ಸರಿನ ರೋಗಿಯೆಂದು ತಿಳಿದಿದ್ದ ಸಮಾಜಸೇವಕಿಯು ಆತನಿಂದ ಹೆಚ್ಚು ಸಿಗರೇಟಿನ ಲೆಕ್ಕವನ್ನು ತನಗರಿಯದಂತೆಯೇ ಹೊರಡಿಸಿರಬಹುದಲ್ಲವೆ? ಇದನ್ನು ಪರೀಕ್ಷಿಸಲು ಅವರಿಗೆ ಒಂದು ಅಪೂರ್ವವಾದ ಸಾಕ್ಷ್ಯವು ದೊರೆಯಿತು. ಪ್ರಶ್ನೆ ಕೇಳುವಾಗ ಶ್ವಾಸಕೋಶದ ಕ್ಯಾನ್ಸರೆಂದು ಭಾವಿಸಲಾಗಿದ್ದು, ಬಳಿಕ ಆ ರೋಗವಲ್ಲವೆಂದು ತಿಳಿದುಬಂದ ಇನ್ನೂರಕ್ಕೂ ಹೆಚ್ಚು ರೋಗಿಗಳಿದ್ದರು. ಸಮಾಜಸೇವಕಿಯರ ಪಕ್ಷಪಾತವೇ ವ್ಯತ್ಯಾಸಕ್ಕೆ ಕಾರಣವಾಗಿದ್ದರೆ ಈ ರೋಗಿಗಳ ಲೆಕ್ಕವೂ ಕ್ಯಾನ್ಸರಿನವರಂತೆ ಇರಬೇಕಾಗಿತ್ತು. ಆದರೆ ಅದು ಕ್ಯಾನ್ಸರಿಲ್ಲದವರ ಲೆಕ್ಕವನ್ನೇ ಹೋಲುತ್ತಿತ್ತು. ಬರೆದುಕೊಂಡವರ ಕೈ ಶುದ್ಧವಾಗಿದ್ದಿತು.

ಮತ್ತೊಂದು ಪ್ರಶ್ನೆ ವಾಸಸ್ಥಳದ್ದು. ದೊಡ್ಡ ಆಸ್ಪತ್ರೆಗಳಿಗೆ ಕ್ಯಾನ್ಸರಿನ ರೋಗಿಗಳು ದೂರದ ಊರುಗಳಿಂದಲೂ ಬರುತ್ತಿದ್ದುದರಿಂದ, ಜೋಡಿಗಳಿಗಿಂತ ಹೆಚ್ಚು ರೋಗಿಗಳು ಲಂಡನ್ನಿನ ಹೊರಗಿನವರಾಗಿದ್ದರು. ಊರನ್ನು ಜೋಡಿಯ ನಿಯಮದಲ್ಲಿ ಸೇರಿಸಿರಲಿಲ್ಲ. ಆದುದರಿಂದ ಲಂಡನ್ ನಿವಾಸಿಗಳನ್ನು ಮಾತ್ರವೇ ಬೇರ್ಪಡಿಸಿ ಹೋಲಿಸಿದರು. ವ್ಯತ್ಯಾಸವು ಅಳಿಯಲಿಲ್ಲ. ಅಷ್ಟಾದರೂ ಮಂಡಲಿಯ ಹಿರಿಯರು, ಲಂಡನ್ನಿನ ಫಲವು ಬೇರೆಡೆಯೂ ದೊರೆಯುವುದೋ ನೋಡಬೇಕೆಂದಾಗ ಹಿಲ್ಲರು ಬೇಸರಪಡದೆ ಬ್ರಿಸ್ಟಲ್, ಕೇಂಬ್ರಿಡ್ಜ್, ಲೀಡ್ಸ್ ಮತ್ತು ನ್ಯೂಕ್ಯಾಸಲ್ ಪಟ್ಟಣಗಳಲ್ಲಿಯೂ ಕೆಲಸವನ್ನು ಆರಂಭಿಸಿದರು. ಅಷ್ಟರಲ್ಲಿ, 1950ರ ಮೇ ತಿಂಗಳಲ್ಲಿ, ಅಮೆರಿಕೆಯ ವಿಂಡರ್ ಮತ್ತು ಗ್ರಹಾಂ ಎಂಬವರು ಇಂತಹುದೇ ಫಲವನ್ನು ಪ್ರಕಟಿಸಿದರು. ಆಗ 1950ರ ಸೆಪ್ಟೆಂಬರ್ 30ರ ಬ್ರಿಟಿಷ್ ಮೆಡಿಕಲ್ ಜರ್ನಲ್ಲಿನಲ್ಲಿ ಹಿಲ್ ಮತ್ತು ಡಾಲರ ಮೊದಲ ವರದಿಯು ಹೊರಬಂದಿತು. 1952ರ ವರದಿಯಲ್ಲಿ ಜೋಡಿಗಳ ಸಂಖ್ಯೆ 1,465ಕ್ಕೆ ಏರಿತು. ತೀರ್ಪು ಬದಲಾಗಲಿಲ್ಲ.

ಸರಿಜೋಡಿಯ ವಿಧಾನಕ್ಕೂ ತನ್ನದೇ ಆದ ಮಿತಿಗಳುಂಟು. ಯಾವ ಗುಣದಲ್ಲಿ ಜೋಡಿ ಕಟ್ಟಿದೆವೋ ಆ ಗುಣವನ್ನು ಕುರಿತು ಆ ಅಧ್ಯಯನವು ಮತ್ತೆ ಏನನ್ನೂ ಹೇಳಲಾರದು. ವಯಸ್ಸಿನಲ್ಲಿ ಸಮಾನರನ್ನಾಗಿ ಮಾಡಿದ ಮೇಲೆ ವಯಸ್ಸಿನ ಪಾತ್ರವನ್ನು ಅಲ್ಲಿ ಹುಡುಕುವುದು ವ್ಯರ್ಥ. ಜೋಡಿಯನ್ನು ಅತಿಯಾಗಿ ಬಿಗಿದರೂ ಕಷ್ಟ. ರೋಗಿಯೊಡನೆ ಸದಾ ಕುಳಿತು ಸೇದುವ ಗೆಳೆಯನನ್ನೇ ಜೋಡಿಯಾಗಿ ಆರಿಸಿದರೆ, ಇಬ್ಬರ ಅಭ್ಯಾಸವೂ ಒಂದೇ ಆಗಿ, ಇರುವ ವ್ಯತ್ಯಾಸವೂ ಮಾಯವಾಗುತ್ತದೆ. ಆಸ್ಪತ್ರೆಯ ಜೋಡಿಗಳಲ್ಲಿಯೂ ಇಂತಹ ತೊಡಕೊಂದಿದ್ದಿತು. ಹೃದಯರೋಗ ಮೊದಲಾದ ಬೇರೆ ರೋಗಗಳನ್ನೂ ಸಿಗರೇಟು ತರುವುದೆಂಬುದು ಬಳಿಕ ಸ್ಪಷ್ಟವಾಯಿತು. ಅಂತಹ ರೋಗಿಗಳೂ ಜೋಡಿಗಳಲ್ಲಿ ಸೇರಿದ್ದುದರಿಂದ, ಹಿಲ್ಲರು ಕಂಡ ವ್ಯತ್ಯಾಸವು ನಿಜಕ್ಕಿಂತ ಕಡಿಮೆಯೇ ಆಗಿತ್ತಲ್ಲದೆ ಹೆಚ್ಚಾಗಿರಲಿಲ್ಲ.

ಜೋಡಿ ಕಟ್ಟಿದ ಮೇಲೆ ಲೆಕ್ಕದಲ್ಲಿಯೂ ಆ ಜೋಡಿಯನ್ನು ಗೌರವಿಸಬೇಕೆಂಬ ತತ್ತ್ವವನ್ನು ಸಂಖ್ಯಾಶಾಸ್ತ್ರಜ್ಞರು ಕಾಲಕ್ರಮದಲ್ಲಿ ವಿಶದಪಡಿಸಿದರು. ಇಬ್ಬರೂ ಸೇದುವ ಜೋಡಿ, ಇಬ್ಬರೂ ಸೇದದ ಜೋಡಿ, ಇವೆರಡೂ ಮೌನಸಾಕ್ಷಿಗಳು. ರೋಗಿಯು ಸೇದುವವನಾಗಿ ಜೋಡಿಯವನು ಸೇದದವನಾದಾಗ, ಅಥವಾ ರೋಗಿಯು ಸೇದದೆ ಜೋಡಿಯವನು ಸೇದುವವನಾದಾಗ ಮಾತ್ರ ಜೋಡಿಯು ಮಾತನಾಡುತ್ತದೆ. ಸಿಗರೇಟು ನಿರಪರಾಧಿಯಾಗಿದ್ದರೆ ಈ ಎರಡು ಬಗೆಯ ಜೋಡಿಗಳು ಸುಮಾರಾಗಿ ಸಮಸಂಖ್ಯೆಯಲ್ಲಿರಬೇಕು. ಒಂದು ಕಡೆಯ ತಟ್ಟೆ ತಗ್ಗಿದರೆ ಅದೇ ಸಾಕ್ಷ್ಯ. ರೋಗವು ಅಪರೂಪದ್ದಾಗಿರುವಾಗ ಇಂತಹ ಹಿಮ್ಮುಖದ ಅಧ್ಯಯನದಿಂದಲೂ ಅಪಾಯವು ಎಷ್ಟು ಮಡಿಯೆಂಬುದನ್ನು ಅಳೆಯಬಹುದೆಂದು ಅಮೆರಿಕೆಯ ಜೆರೋಮ್ ಕಾರ್ನ್‌ಫೀಲ್ಡ್ 1951ರಲ್ಲಿ ತೋರಿಸಿದರು. ಸಮಾನರ ಗುಂಪುಗಳನ್ನು ಬೇರೆ ಬೇರೆಯಾಗಿ ತೂಗಿ ಕೊನೆಗೆ ಒಂದುಗೂಡಿಸುವ ಕ್ರಮವನ್ನು 1959ರಲ್ಲಿ ಮ್ಯಾಂಟೆಲ್ ಮತ್ತು ಹೆನ್ಜೆಲ್ ಎಂಬವರು ರೂಪಿಸಿದರು. ಭಾರತದಲ್ಲಿಯೂ, ಮುಂಬಯಿಯ ಸಂಘ್ವಿ, ರಾವ್ ಮತ್ತು ಖಾನೋಲ್ಕರ್ ಅವರು ಬಾಯಿ ಗಂಟಲುಗಳ ಕ್ಯಾನ್ಸರಿಗೂ ಬೀಡಿ ಸೇದುವ, ಹೊಗೆಸೊಪ್ಪು ಅಗಿಯುವ ಅಭ್ಯಾಸಗಳಿಗೂ ಇರುವ ಸಂಬಂಧವನ್ನು ರೋಗಿಗಳ ಮತ್ತು ಇತರರ ಹೋಲಿಕೆಯಿಂದಲೇ ಶೋಧಿಸಿ 1955ರಲ್ಲಿ ಪ್ರಕಟಿಸಿದರು.

ವಾದ ಮತ್ತು ಪ್ರತಿವಾದ

ಎಲ್ಲರೂ ಒಪ್ಪಲಿಲ್ಲ. ಒಪ್ಪದವರಲ್ಲಿ ಅಗ್ರಗಣ್ಯರು ಸರ್ ರೊನಾಲ್ಡ್ ಫಿಷರ್. ಯಾದೃಚ್ಛಿಕ ಹಂಚಿಕೆಯ ತತ್ತ್ವವನ್ನು ಜಗತ್ತಿಗೆ ಕೊಟ್ಟವರೇ ಅವರು. ಹಿಲ್ಲರೊಡನೆ ಸ್ನೇಹವಿದ್ದವರು. ಸೇದುವ ಚಪಲವನ್ನೂ ಕ್ಯಾನ್ಸರಿನ ಪ್ರವೃತ್ತಿಯನ್ನೂ ಹುಟ್ಟಿನಿಂದಲೇ ತರುವ ಯಾವುದೋ ವಂಶಗುಣವಿರಬಹುದಲ್ಲವೆ ಎಂಬುದು ಅವರ ಆಕ್ಷೇಪ. ಎಂದರೆ ಯಾವ ಜೋಡಿಗೂ ಸಿಕ್ಕದ ಗುಪ್ತವಾದ ಉಪಾಧಿ! ಹೊಗೆಯನ್ನು ಒಳಕ್ಕೆಳೆದುಕೊಳ್ಳುವವರ ಸಂಖ್ಯೆ 1950ರ ವರದಿಯಲ್ಲಿ ಕ್ಯಾನ್ಸರಿನವರಿಗಿಂತ ಜೋಡಿಗಳಲ್ಲಿ ತುಸು ಹೆಚ್ಚಾಗಿದ್ದುದನ್ನೂ ಅವರು ಎತ್ತಿ ತೋರಿಸಿದರು. ಫಿಷರರು ತಾವೂ ಚಿಲುಮೆಪ್ರಿಯರು. ತಂಬಾಕು ತಯಾರಕರ ಸಮಿತಿಗೆ ಸಲಹೆಗಾರರೂ ಆಗಿದ್ದರು. ಆದರೆ ಆಕ್ಷೇಪವನ್ನು ಆಕ್ಷೇಪಿಸಿದವರ ಗುಣದಿಂದ ಅಳೆಯುವುದು ಸರಿಯಲ್ಲ, ಉತ್ತರವು ಬೇಕಾಗಿತ್ತು.

ಹಿಲ್ಲರ ಉತ್ತರವು ಮಾತಿನಲ್ಲಿರಲಿಲ್ಲ, ಕೆಲಸದಲ್ಲಿತ್ತು. ಈ ಬಾರಿ ಬೀಜದಿಂದ ಫಲದ ಕಡೆಗೆ ಹೊರಟರು. 1951ರ ಅಕ್ಟೋಬರಿನಲ್ಲಿ ಬ್ರಿಟನ್ನಿನ ವೈದ್ಯರೆಲ್ಲರಿಗೂ ಕಾಗದ ಬರೆದು ಅವರ ಧೂಮಪಾನದ ವಿವರಗಳನ್ನು ಕೇಳಿದರು. ನಲವತ್ತು ಸಾವಿರಕ್ಕೂ ಹೆಚ್ಚು ಮಂದಿ ಉತ್ತರಿಸಿದರು. ಆಮೇಲೆ ಕಾದು ಕುಳಿತರು. ಈಗ ರೋಗವು ಇನ್ನೂ ಬಂದಿಲ್ಲ. ಆದುದರಿಂದ ರೋಗವು ನೆನಪನ್ನು ತಿರುಚುವ ಭಯವಿಲ್ಲ. 1954ರ ವರದಿಯ ಹೊತ್ತಿಗೆ ಮೂವತ್ತೈದು ವರ್ಷ ಮೀರಿದ ಪುರುಷ ವೈದ್ಯರಲ್ಲಿ 789 ಮರಣಗಳಾಗಿದ್ದವು. ಅವುಗಳಲ್ಲಿ 36 ಶ್ವಾಸಕೋಶದ ಕ್ಯಾನ್ಸರಿನಿಂದ. ಆ 36 ಮಂದಿಯೂ ಸೇದುತ್ತಿದ್ದವರು. ಹೆಚ್ಚು ಸೇದಿದವರಲ್ಲಿ ಮರಣವೂ ಹೆಚ್ಚು. ಹಿಮ್ಮುಖದ ದಾರಿಯೂ ಮುಮ್ಮುಖದ ದಾರಿಯೂ ಒಂದೇ ಬಾಗಿಲಿಗೆ ಬಂದು ನಿಂತವು. 1957ರಲ್ಲಿ ಸಂಶೋಧನಾ ಮಂಡಲಿಯು ಸಿಗರೇಟು ಕಾರಣವೆಂದು ಬಹಿರಂಗವಾಗಿ ಸಾರಿತು. 1962ರಲ್ಲಿ ಲಂಡನ್ನಿನ ರಾಯಲ್ ಕಾಲೇಜಿನ ವೈದ್ಯರೂ, 1964ರಲ್ಲಿ ಅಮೆರಿಕೆಯ ಸರ್ಜನ್ ಜನರಲ್ಲರ ಸಮಿತಿಯೂ ಅದನ್ನೇ ದೃಢಪಡಿಸಿದವು. ವೈದ್ಯರ ಅಧ್ಯಯನವನ್ನು ಡಾಲರು ಐವತ್ತು ವರ್ಷ ಮುಂದುವರಿಸಿ, 2004ರಲ್ಲಿ ತಮ್ಮ ತೊಂಬತ್ತೊಂದನೆಯ ವಯಸ್ಸಿನಲ್ಲಿ, ಬಿಡದೆ ಸೇದುವವರು ಸರಾಸರಿ ಹತ್ತು ವರ್ಷಗಳ ಆಯುಸ್ಸನ್ನು ಕಳೆದುಕೊಳ್ಳುವರೆಂದು ವರದಿ ಮಾಡಿದರು.

ಕೊನೆಯ ಪಾಠ

ಹಿಲ್ಲರಿಗೆ ಗೌರವಗಳು ತಾವಾಗಿಯೇ ಬಂದವು. 1950ರಿಂದ 1952ರವರೆಗೆ ರಾಯಲ್ ಸಂಖ್ಯಾಶಾಸ್ತ್ರ ಸಂಘದ ಅಧ್ಯಕ್ಷರಾಗಿದ್ದರು. 1954ರಲ್ಲಿ ರಾಯಲ್ ಸೊಸೈಟಿಯ ಸದಸ್ಯತ್ವವು ಲಭಿಸಿತು. 1961ರಲ್ಲಿ ನೈಟ್ ಪದವಿಯೂ ಬಂದಿತು, ಅದೇ ವರ್ಷ ವೃತ್ತಿಯಿಂದ ನಿವೃತ್ತರಾದರು. ನಿವೃತ್ತಿಯ ಬಳಿಕ, 1965ರ ಜನವರಿಯಲ್ಲಿ, ಲಂಡನ್ನಿನ ವೈದ್ಯರ ಸಭೆಯೊಂದರಲ್ಲಿ ಅಧ್ಯಕ್ಷಪೀಠದಿಂದ ಮಾಡಿದ ಭಾಷಣವು ಅವರ ಜೀವಮಾನದ ಅನುಭವದ ನವನೀತವೆನ್ನಬಹುದು. ಎರಡು ಸಂಗತಿಗಳ ಸಹವಾಸವನ್ನು ಕಾರ್ಯಕಾರಣವೆಂದು ಯಾವಾಗ ಒಪ್ಪಬೇಕೆಂಬುದೇ ಅದರ ವಿಷಯ. ಸಂಬಂಧವು ಎಷ್ಟು ಬಲವಾದುದು, ಬೇರೆ ಬೇರೆ ಕಡೆ ಮತ್ತೆ ಮತ್ತೆ ಕಾಣುವುದೇ, ಒಂದು ನಿರ್ದಿಷ್ಟ ರೋಗಕ್ಕೇ ಸೀಮಿತವೇ, ಕಾರಣವು ಕಾರ್ಯಕ್ಕಿಂತ ಮೊದಲು ಬಂದಿತೇ, ಪ್ರಮಾಣವೇರಿದಂತೆ ಫಲವೂ ಏರುವುದೇ ಮೊದಲಾದ ಒಂಬತ್ತು ದೃಷ್ಟಿಗಳನ್ನು ಅವರು ಮುಂದಿಟ್ಟರು. ಇವನ್ನು ನಿಯಮಗಳೆಂದು ಕಣ್ಣುಮುಚ್ಚಿ ಅನುಸರಿಸಕೂಡದೆಂದೂ ಎಚ್ಚರಿಸಿದರು. ವಿಜ್ಞಾನದ ಜ್ಞಾನವೆಲ್ಲವೂ ಅಪೂರ್ಣವೇ ಆದರೂ, ಆ ಅಪೂರ್ಣತೆಯನ್ನು ನೆಪಮಾಡಿಕೊಂಡು ಇಂದು ತಿಳಿದಿರುವುದನ್ನು ಆಚರಿಸದೆ ಕೂರುವ ಹಕ್ಕು ಯಾರಿಗೂ ಇಲ್ಲವೆಂಬುದು ಆ ಭಾಷಣದ ಫಲಶ್ರುತಿ.

1991ನೆಯ ಇಸವಿ ಏಪ್ರಿಲ್ 18ರಂದು, ತೊಂಬತ್ತಮೂರನೆಯ ವಯಸ್ಸಿನಲ್ಲಿ ಹಿಲ್ಲರು ದೇಹವನ್ನು ಬಿಟ್ಟರು. ಇಪ್ಪತ್ತರಲ್ಲಿ ಮುಗಿಯಬೇಕಾಗಿದ್ದ ಬಾಳು ಅದು. ವೈದ್ಯನಾಗಲಾರದ ರೋಗಿಯು ಯಾವ ನಾಡಿಯನ್ನೂ ಹಿಡಿಯದೆ, ಯಾವ ಔಷಧವನ್ನೂ ಕೈಯಾರೆ ಕೊಡದೆ, ಲೇಖನಿ ಮತ್ತು ಲೆಕ್ಕಗಳಿಂದಲೇ ಅಗಣಿತ ಜೀವಗಳನ್ನು ಉಳಿಸಿದನು.

ಅವರ ಚರಿತ್ರೆಯಿಂದ ಕಲಿಯಬೇಕಾದುದು ವೈದ್ಯರಿಗೆ ಮಾತ್ರವಲ್ಲ. ಒಬ್ಬ ವಿದ್ಯಾರ್ಥಿಯನ್ನು ಮತ್ತೊಬ್ಬನೊಡನೆ ಹೋಲಿಸಿ ಇವನು ಜಾಣ, ಅವನು ದಡ್ಡ ಎಂದು ತೀರ್ಪು ಕೊಡುವ ಮುನ್ನ, ಇಬ್ಬರ ಮನೆಯಲ್ಲಿಯೂ ದೀಪವಿತ್ತೇ, ಇಬ್ಬರೂ ಉಂಡು ಬಂದಿದ್ದರೇ ಎಂದು ಕೇಳುವ ಉಪಾಧ್ಯಾಯನು ಹಿಲ್ಲರ ಶಿಷ್ಯನೇ ಸರಿ. ಸಮಾನರನ್ನು ಸಮಾನರೊಡನೆ ತೂಗುವುದು, ತನಗೆ ಪ್ರಿಯವಾದ ನಿರ್ಣಯವನ್ನೇ ಎಲ್ಲಕ್ಕಿಂತ ಕಠಿಣವಾಗಿ ಪರೀಕ್ಷಿಸುವುದು, ಪರೀಕ್ಷೆಯಲ್ಲಿ ಉಳಿದು ನಿಂತ ಸತ್ಯದಂತೆ ಅಂಜದೆ ನಡೆಯುವುದು, ಈ ಮೂರೂ ಕೂಡಿದ ಬಾಳು ಹಿಲ್ಲರದು. ಅದು ವಿದ್ಯಾವಂತರೆಲ್ಲರಿಗೂ ಅನುಸರಣೀಯವಾದುದು.